ಕಲ್ಲಿನ ದತ್ತಿ, ಕಡತದ ಲೆಕ್ಕ: ಬೇಲೂರು, ಹಳೇಬೀಡು, ಅರಸೀಕೆರೆ ಸೀಮೆಯಲ್ಲಿ ಹೊಣೆಗಾರಿಕೆಯ ಚರಿತ್ರೆ

ಬೇಲೂರು, ಹಳೇಬೀಡು ಮತ್ತು ಅರಸೀಕೆರೆಗಳ ಶಾಸನಗಳನ್ನು ರಾಜವಂಶದ ಕಾಲನಿರ್ಣಯಕ್ಕಾಗಿಯೂ ಶಿಲ್ಪಿಗಳ ಹೆಸರಿಗಾಗಿಯೂ ಹಳಗನ್ನಡ ಪದ್ಯಗಳ ಸೊಗಸಿಗಾಗಿಯೂ ವಿದ್ವಾಂಸರು ಬಹುಕಾಲದಿಂದ ಓದುತ್ತ ಬಂದಿದ್ದಾರೆ. ಬಿ.ಎಲ್. ರೈಸ್ ಅವರು ಹಾಸನ ಜಿಲ್ಲೆಯ ಶಾಸನಗಳನ್ನು ಎಪಿಗ್ರಾಫಿಯಾ ಕರ್ನಾಟಿಕಾದ ಐದನೆಯ ಸಂಪುಟವಾಗಿ 1902ರಲ್ಲಿ ಹೊರತಂದ ಮೇಲೆ ಈ ಓದು ಇನ್ನಷ್ಟು ವ್ಯವಸ್ಥಿತವಾಯಿತು. ಆದರೆ ಅರಸನ ಪ್ರಶಸ್ತಿ ಮುಗಿದು, ಬಿಟ್ಟ ಊರು, ಗದ್ದೆ, ಎಲ್ಲೆ, ಸುಂಕ, ಎಣ್ಣೆ, ಅಕ್ಕಿಗಳ ವಿವರ ಶುರುವಾದೊಡನೆ ಹೆಚ್ಚಿನ ಓದುಗರು ಪುಟ ತಿರುಗಿಸಿಬಿಡುತ್ತಾರೆ. ಸಾರ್ವಜನಿಕ ಹಣ ಯಾರ ಕೈಯಲ್ಲಿತ್ತು, ಅದನ್ನು ಯಾವ ಕೆಲಸಕ್ಕೆಂದು ಕೊಟ್ಟರು, ಆ ಕೆಲಸ ನಡೆಯಿತೇ ಎಂದು ನೋಡುವ ಹೊಣೆ ಯಾರದಾಗಿತ್ತು ಎಂಬ ಪ್ರಶ್ನೆಗಳಿಗೆ ಉತ್ತರ ಹುಡುಕಬೇಕಾದದ್ದು ಮಾತ್ರ ಆ ನೀರಸವೆನಿಸುವ ಸಾಲುಗಳಲ್ಲೇ.

ಇಂದಿನ ಆಡಳಿತದಲ್ಲಿ ಈ ಕೊನೆಯ ಪ್ರಶ್ನೆಗೆ ಕಾರ್ಯಸಾಧನಾ ಲೆಕ್ಕಪರಿಶೋಧನೆ ಎಂಬ ಹೆಸರಿದೆ. ಖರ್ಚಿಗೆ ಮಂಜೂರಾತಿ ಇತ್ತೇ, ರಸೀದಿ ಸರಿಯಿದೆಯೇ, ಮೊತ್ತ ತಾಳೆಯಾಗುತ್ತದೆಯೇ ಎಂದು ನೋಡುವುದು ಸಾಮಾನ್ಯ ಲೆಕ್ಕಪರಿಶೋಧನೆ. ಅದೇ ಹಣದಿಂದ ಮಿತವ್ಯಯದಲ್ಲಿ, ದಕ್ಷತೆಯಿಂದ, ಉದ್ದೇಶಿಸಿದ ಫಲ ದೊರೆಯಿತೇ ಎಂದು ನೋಡುವುದು ಕಾರ್ಯಸಾಧನಾ ಪರಿಶೋಧನೆ. ಮೊದಲನೆಯದು ಕಾಲುವೆಯ ಬಿಲ್ಲನ್ನು ನೋಡಿದರೆ ಎರಡನೆಯದು ಕಾಲುವೆಯಲ್ಲಿ ನೀರು ಹರಿಯಿತೇ ಎಂದು ನೋಡುತ್ತದೆ. ಪರಿಭಾಷೆ ಇಪ್ಪತ್ತನೆಯ ಶತಮಾನದ ಉತ್ತರಾರ್ಧದ್ದಾದರೂ ಅದರ ಹಿಂದಿನ ಪ್ರಶ್ನೆ ಹೊಯ್ಸಳ ಸೀಮೆಗೆ ಹೊಸದಲ್ಲ. ಹೊಸದಾಗಿ ಬಂದದ್ದು ಉತ್ತರವನ್ನು ದಾಖಲಿಸುವ ಪದ್ಧತಿ ಮಾತ್ರ. ಹಳೆಯ ಕಾಲ ಮಂಜೂರಾತಿಯ ದಾಖಲೆಗಳನ್ನು ಧಾರಾಳವಾಗಿ ಉಳಿಸಿಹೋಗಿದೆ, ವಿನಿಯೋಗದ ದಾಖಲೆಗಳನ್ನು ಬಹಳ ಕಡಿಮೆ ಉಳಿಸಿದೆ.

ಹೊಯ್ಸಳ ಅರಸ ವಿಷ್ಣುವರ್ಧನನು ತಲಕಾಡಿನಲ್ಲಿ ಚೋಳರ ಮೇಲೆ ಜಯ ಸಾಧಿಸಿದ ಬಳಿಕ 1117ರಲ್ಲಿ ಬೇಲೂರಿನಲ್ಲಿ ವಿಜಯನಾರಾಯಣನನ್ನು ಪ್ರತಿಷ್ಠಾಪಿಸಿದನು. ಆ ದೇವರೇ ಇಂದಿನ ಚೆನ್ನಕೇಶವ. ಅಂದಿನ ದೊಡ್ಡ ದೇವಾಲಯ ಪೂಜೆಯ ಜಾಗ ಮಾತ್ರವಾಗಿರಲಿಲ್ಲ. ಭೂಮಿಯ ಒಡೆತನ, ಧಾನ್ಯದ ಉಗ್ರಾಣ, ಅಡುಗೆಮನೆ, ಸಂಗೀತಗಾರರು, ನರ್ತಕಿಯರು, ಹೂವಾಡಿಗರು, ಕಾವಲಿನವರು, ಓದುವ ಮಾಣಿಗಳು, ಊಟಕ್ಕೆ ಬರುವ ಪರದೇಶಿಗಳು, ಇಷ್ಟೆಲ್ಲ ಸೇರಿದ ಸಂಸ್ಥೆಯಾಗಿತ್ತು. ಅಂಥ ಸಂಸ್ಥೆಗೆ ಅರಸನು ಹಳ್ಳಿಗಳ ಆದಾಯವನ್ನು ಬಿಟ್ಟುಕೊಡುತ್ತಿದ್ದನು. ಹಾಗೆ ಬಿಟ್ಟದ್ದು ದತ್ತಿ. ಅರಮನೆಗೆ ಬರಬೇಕಾಗಿದ್ದ ಕಂದಾಯವನ್ನೇ ಒಂದು ಗೊತ್ತಾದ ಉದ್ದೇಶಕ್ಕೆ ತಿರುಗಿಸುವ ಏರ್ಪಾಡು ಇದಾದ್ದರಿಂದ, ದತ್ತಿಯ ಹಣವನ್ನು ಸಾರ್ವಜನಿಕ ಹಣವೆಂದೇ ಎಣಿಸುವುದು ತಪ್ಪಾಗಲಾರದು.

ಹಳೇಬೀಡಿನ ಬಸ್ತಿಹಳ್ಳಿಯಲ್ಲಿರುವ ಪಾರ್ಶ್ವನಾಥ ಬಸದಿ ಈ ಏರ್ಪಾಡಿಗೆ ಒಳ್ಳೆಯ ನಿದರ್ಶನ. ದಂಡನಾಯಕ ಗಂಗರಾಜನ ನೆನಪಿಗೆ ಅವನ ಮಗ ಬೊಪ್ಪನು 1133ರಲ್ಲಿ ಅದನ್ನು ಕಟ್ಟಿಸಿದನು. ಪ್ರತಿಷ್ಠೆಯ ಪ್ರಸಾದವನ್ನು ತೆಗೆದುಕೊಂಡು ಪುರೋಹಿತರು ಅರಸನ ಬಳಿಗೆ ಹೋದಾಗ ಯುದ್ಧದ ಜಯವೂ ಮಗ ಹುಟ್ಟಿದ ಸುದ್ದಿಯೂ ಕೂಡಿಬಂದಿದ್ದರಿಂದ, ವಿಷ್ಣುವರ್ಧನನು ಸಂತೋಷಗೊಂಡು ದೇವರಿಗೆ ವಿಜಯಪಾರ್ಶ್ವನೆಂದೂ ಮಗನಿಗೆ ವಿಜಯನರಸಿಂಹನೆಂದೂ ಹೆಸರಿಟ್ಟು ಜಾವಗಲ್ಲನ್ನು ಬಸದಿಗೆ ದತ್ತಿ ಬಿಟ್ಟನೆಂದು ಅಲ್ಲಿನ ಶಾಸನ ತಿಳಿಸುತ್ತದೆ. ಆ ಜಾವಗಲ್ಲು ಇಂದು ಅರಸೀಕೆರೆ ತಾಲೂಕಿನ ಹೋಬಳಿ ಕೇಂದ್ರ. ಒಂದು ಊರಿನ ರೈತರು ದುಡಿದದ್ದು ಇನ್ನೊಂದು ಊರಿನ ಬಸದಿಯ ದೀಪಕ್ಕೆ ಸಲ್ಲುವಾಗ ನಡುವೆ ಲೆಕ್ಕಿಗನೊಬ್ಬ ಬೇಕೇ ಬೇಕು.

ಅರಸೀಕೆರೆಯ ಸಹಸ್ರಕೂಟ ಜಿನಾಲಯದ 1220ರ ಶಾಸನದಲ್ಲಿ ಉದ್ದೇಶಗಳ ಪಟ್ಟಿ ಇನ್ನೂ ಸ್ಪಷ್ಟವಾಗಿದೆ. ಮೊದಲು ಕಳಚುರಿಗಳ ಸೇವೆಯಲ್ಲಿದ್ದು ಬಳಿಕ ಇಮ್ಮಡಿ ಬಲ್ಲಾಳನ ಆಶ್ರಯಕ್ಕೆ ಬಂದ ರೇಚರಸನು ಈ ಜಿನಾಲಯವನ್ನು ಕಟ್ಟಿಸಿ, ಅರಸನಿಂದ ಹಂದರಹಾಳೆಂಬ ಊರನ್ನು ಪಡೆದು, ತನ್ನ ಗುರುಗಳಾದ ಸಾಗರಣಂದಿ ಸಿದ್ಧಾಂತದೇವರಿಗೆ ಒಪ್ಪಿಸಿದನು. ದೇವರ ಅಷ್ಟವಿಧಾರ್ಚನೆ, ಪೂಜಾರಿ ಪರಿಚಾರಕರ ಜೀವಿತ, ಋಷಿಗಳ ಆಹಾರದಾನ, ಕಟ್ಟಡದ ಜೀರ್ಣೋದ್ಧಾರ ಎಂದು ಆದಾಯದ ಬಾಬತ್ತುಗಳನ್ನು ಅಲ್ಲಿ ಹೇಳಲಾಗಿದೆ. ಈ ನಾಲ್ಕನೆಯ ಬಾಬತ್ತಿನ ಮೇಲೆ ಗಮನವಿಡಬೇಕು. ಶಾಸನಗಳಲ್ಲಿ ಖಂಡಸ್ಫುಟಿತ ಜೀರ್ಣೋದ್ಧಾರವೆಂದು ಬರುವ ಮಾತಿಗೆ ಒಡೆದದ್ದು, ಬಿರುಕುಬಿಟ್ಟದ್ದು, ಹಳತಾದದ್ದನ್ನು ಸರಿಪಡಿಸುವುದು ಎಂದರ್ಥ. ಅಂದರೆ ಕಟ್ಟಡ ಹೊಸತಾಗಿರುವಾಗಲೇ ಅದರ ದುರಸ್ತಿಗೆ ಶಾಶ್ವತವಾದ ಆದಾಯದ ಮೂಲವನ್ನು ಗೊತ್ತುಪಡಿಸಲಾಗುತ್ತಿತ್ತು. ಉದ್ಘಾಟನೆಯ ದಿನವೇ ನಿರ್ವಹಣೆಯ ಹಣವನ್ನು ಕಾದಿರಿಸುವ ಈ ಪದ್ಧತಿಯನ್ನು ಇಂದಿನ ಎಷ್ಟು ಕಾಮಗಾರಿಗಳು ಪಾಲಿಸುತ್ತಿವೆ ಎಂಬುದನ್ನು ಓದುಗರ ಅನುಭವಕ್ಕೇ ಬಿಡಬಹುದು.

ದತ್ತಿಯ ವಿವರಗಳಲ್ಲಿ ಕಾಣುವ ಎಚ್ಚರ ಸಣ್ಣದಲ್ಲ. ಗದ್ದೆಯನ್ನು ಅದಕ್ಕೆ ಬೇಕಾಗುವ ಬಿತ್ತನೆಯ ಲೆಕ್ಕದಲ್ಲಿ ಸಲಗೆ, ಖಂಡುಗ, ಕೊಳಗಗಳಿಂದ ಹೇಳಲಾಗುತ್ತಿತ್ತು. ಬೆದ್ದಲನ್ನು ಎಷ್ಟು ಉದ್ದದ ಗಳೆಯಿಂದ, ಅಂದರೆ ಅಳತೆಯ ಕೋಲಿನಿಂದ, ಅಳೆದದ್ದೆಂಬುದನ್ನೂ ಕೆಲವು ಶಾಸನಗಳು ನಮೂದಿಸುತ್ತವೆ. ಹಣದ ಲೆಕ್ಕ ಗದ್ಯಾಣವೆಂಬ ಚಿನ್ನದ ನಾಣ್ಯದಲ್ಲಿಯೂ ಪಣ, ಹಾಗ, ವೀಸಗಳೆಂಬ ಅದರ ಚಿಲ್ಲರೆಯಲ್ಲಿಯೂ ನಡೆಯುತ್ತಿತ್ತು. ಎಲ್ಲೆಯನ್ನು ಹೇಳುವಾಗ ಹುಣಿಸೆಮರ, ಹುತ್ತ, ಕೆರೆಯ ಕೋಡಿ, ನಟ್ಟ ಕಲ್ಲು, ದಾರಿ ಕವಲೊಡೆಯುವ ಜಾಗ ಎಲ್ಲವೂ ದಿಕ್ಕಿನ ಕ್ರಮದಲ್ಲಿ ಬರುತ್ತವೆ. ಆ ಎಲ್ಲೆಯ ಮೇಲೆ ನೆಡುತ್ತಿದ್ದ ಕಲ್ಲುಗಳಿಗೆ ಗುರುತುಗಳಿದ್ದವು: ವಿಷ್ಣುವಿನ ದೇವಾಲಯದ ಭೂಮಿಗೆ ವಾಮನಮುದ್ರೆ, ಶಿವಾಲಯದ್ದಕ್ಕೆ ಲಿಂಗಮುದ್ರೆ, ಬಸದಿಯದ್ದಕ್ಕೆ ಮುಕ್ಕೊಡೆ. ಅಕ್ಷರ ಬಾರದ ರೈತನೂ ತನ್ನ ಉಳುಮೆಯ ಗೆರೆ ಎಲ್ಲಿ ನಿಲ್ಲಬೇಕೆಂದು ಆ ಕಲ್ಲನ್ನು ನೋಡಿ ತಿಳಿಯಬಹುದಾಗಿತ್ತು. ಇವೆಲ್ಲದರ ಜೊತೆಗೆ ಶಾಸನವನ್ನು ನಿಲ್ಲಿಸುತ್ತಿದ್ದ ಜಾಗ ದೇವಾಲಯದ ಅಂಗಳ ಅಥವಾ ಊರ ನಡುವೆ; ಕಚೇರಿಯ ಪೆಟ್ಟಿಗೆಯಲ್ಲಲ್ಲ.

ಇಷ್ಟು ಸ್ಪಷ್ಟವಾಗಿ ಬರೆದ ಆಜ್ಞೆಯ ಪಾಲನೆಯನ್ನು ಯಾರು ನೋಡುತ್ತಿದ್ದರು? ಅರಮನೆಯ ಮಟ್ಟದಲ್ಲಿ ಶ್ರೀಕರಣವೆಂಬ ದಾಖಲೆ ಮತ್ತು ಲೆಕ್ಕದ ವಿಭಾಗವಿತ್ತು. ಅದರ ಮೇಲಧಿಕಾರಿಯನ್ನು ಶ್ರೀಕರಣದ ಹೆಗ್ಗಡೆಯೆಂದು ಕರೆಯುತ್ತಿದ್ದರು. ಸುಂಕಕ್ಕೆ ಬೇರೆ ಹೆಗ್ಗಡೆಗಳಿದ್ದರು. ಊರಿನ ಮಟ್ಟದಲ್ಲಿ ಲೆಕ್ಕ ಬರೆಯುತ್ತಿದ್ದವನು ಸೇನಬೋವ, ಮುಂದಿನ ಶಾನುಭೋಗ. ದೇವಾಲಯದ ಆಡಳಿತ ಸ್ಥಾನಿಕರ ಅಥವಾ ಆಚಾರ್ಯರ ಕೈಯಲ್ಲಿತ್ತು. ಅಗ್ರಹಾರಗಳಲ್ಲಿ, ಅಂದರೆ ವಿದ್ವಾಂಸರಿಗೆ ಬಿಟ್ಟ ಊರುಗಳಲ್ಲಿ, ಮಹಾಜನರ ಸಭೆ ಭೂಮಿ, ನೀರು, ದಾನಧರ್ಮಗಳ ಮೇಲುಸ್ತುವಾರಿ ನಡೆಸುತ್ತಿತ್ತು. ಅರಸೀಕೆರೆಯೂ ಹೊಯ್ಸಳರ ಕಾಲದಲ್ಲಿ ಅಂಥದೊಂದು ಅಗ್ರಹಾರವಾಗಿತ್ತು. ದಾನಿಯು ಹೊನ್ನನ್ನು ಮಹಾಜನರ ಕೈಗೆ ಕೊಟ್ಟು, ಅದರ ಬಡ್ಡಿಯಿಂದ ನಂದಾದೀಪವನ್ನೋ ಛತ್ರದ ಊಟವನ್ನೋ ನಡೆಸಬೇಕೆಂದು ಗೊತ್ತುಮಾಡುವುದು ಆ ಕಾಲದಲ್ಲಿ ಸಾಮಾನ್ಯವಾಗಿತ್ತು. ಇಲ್ಲಿ ಮೂಲಧನ ಒಬ್ಬರ ಕೈಯಲ್ಲಿ, ಅದರ ಫಲ ಇನ್ನೊಬ್ಬರಿಗೆ; ದೀಪ ಆರಿದರೆ ಇಡೀ ಊರಿಗೆ ಅದು ಕಾಣುತ್ತದೆ. ಫಲದ ಪರಿಶೋಧನೆಗೆ ಇದಕ್ಕಿಂತ ಅಗ್ಗವಾದ ಉಪಾಯ ಸಿಗುವುದು ಕಷ್ಟ.

ಹಾಗೆಂದು ಆ ವ್ಯವಸ್ಥೆಯನ್ನು ಆದರ್ಶವೆಂದು ಹೊಗಳುವುದು ಇತಿಹಾಸಕ್ಕೆ ನ್ಯಾಯವಲ್ಲ. ಮಹಾಜನರ ಸಭೆಯಲ್ಲಿ ಊರಿನ ಎಲ್ಲರೂ ಇರಲಿಲ್ಲ. ಹೆಂಗಸರಿಗೂ ಉಳುವವರಿಗೂ ಅಲ್ಲಿ ಸ್ಥಾನವಿರಲಿಲ್ಲ, ಲೆಕ್ಕ ಬರೆಯುವವನೂ ಅದನ್ನು ಒಪ್ಪುವವರೂ ಅನೇಕ ವೇಳೆ ಒಂದೇ ವರ್ಗಕ್ಕೆ ಸೇರಿದವರಾಗಿದ್ದರು. ಶಾಸನದ ಕೊನೆಯಲ್ಲಿ ಬರುವ ಶಾಪವಾಕ್ಯ ದತ್ತಿಯನ್ನು ಕಸಿದುಕೊಂಡವನು ಅರವತ್ತು ಸಾವಿರ ವರ್ಷ ಹೊಲಸಿನ ಹುಳುವಾಗಿ ಹುಟ್ಟುತ್ತಾನೆಂದು ಹೆದರಿಸುತ್ತದೆ. ಆದರೆ ಅದೇ ಶಾಪವನ್ನು ಅಷ್ಟೊಂದು ಕಲ್ಲುಗಳ ಮೇಲೆ ಶತಮಾನಗಳ ಕಾಲ ಕೆತ್ತಿಸುತ್ತಲೇ ಇರಬೇಕಾಯಿತೆಂಬ ಸಂಗತಿಯೇ, ಹುಳುವಾಗುವ ಭಯ ಎಲ್ಲರನ್ನೂ ತಡೆಯುತ್ತಿರಲಿಲ್ಲ ಎಂಬುದಕ್ಕೆ ಸಾಕ್ಷಿ. ಎಲ್ಲಕ್ಕಿಂತ ಮುಖ್ಯವಾದ ಕೊರತೆಯೆಂದರೆ, ಮಂಜೂರಾದ ಎಣ್ಣೆಯಲ್ಲಿ ಎಷ್ಟು ದೀಪಕ್ಕೆ ಹೋಯಿತು, ಎಷ್ಟು ಉಳಿಯಿತು ಎಂದು ವರ್ಷದ ಕೊನೆಯಲ್ಲಿ ಬರೆದಿರಬಹುದಾದ ಓಲೆಗಳೂ ಕಡತಗಳೂ ಉಳಿದಿಲ್ಲ. ಕಲ್ಲು ಆಜ್ಞೆಯನ್ನು ಕಾಪಾಡಿತು. ಲೆಕ್ಕ ಹಾಳಾಗುವ ವಸ್ತುಗಳ ಮೇಲೆ ಬರೆಯಲ್ಪಟ್ಟು ಅಳಿದುಹೋಯಿತು. ಆದ್ದರಿಂದ ಹೊಯ್ಸಳ ಆಡಳಿತದ ದಕ್ಷತೆಯ ಬಗ್ಗೆ ಶಾಸನಗಳಿಂದ ನೇರ ತೀರ್ಮಾನಕ್ಕೆ ಬಂದರೆ ಅಂದಾಜುಪತ್ರಿಕೆಯನ್ನು ಓದಿ ಕಾಮಗಾರಿ ಮುಗಿಯಿತೆಂದು ನಂಬಿದಂತಾಗುತ್ತದೆ.

ಕೆರೆಗಳ ವಿಷಯದಲ್ಲಿ ಮಾತ್ರ ಚಿತ್ರ ಸ್ವಲ್ಪ ನಿಚ್ಚಳವಾಗಿದೆ. ಬೇಲೂರಿನ ಪಶ್ಚಿಮಕ್ಕೆ ಮಲೆನಾಡು. ಪೂರ್ವಕ್ಕೆ ಹಳೇಬೀಡು, ಜಾವಗಲ್ಲು ದಾಟಿ ಅರಸೀಕೆರೆಯ ಕಡೆಗೆ ಬರುತ್ತ ಮಳೆ ಕಡಿಮೆಯಾಗುತ್ತದೆ, ಕೆರೆಯಿಲ್ಲದೆ ಬೆಳೆಯಿಲ್ಲ ಎಂಬ ಸ್ಥಿತಿ ಬರುತ್ತದೆ. ಇಂದಿನ ಹಳೇಬೀಡಾದ ದೋರಸಮುದ್ರವೆಂಬ ರಾಜಧಾನಿಯ ಹೆಸರೂ ಅರಸೀಕೆರೆಯೆಂಬ ಊರಿನ ಹೆಸರೂ ಕೆರೆಯಿಂದಲೇ ಬಂದವು. ಕೆರೆ ಕಟ್ಟಿಸಿದವರಿಗೆ ಪುಣ್ಯವೂ ಹೆಸರೂ ಸಿಗುತ್ತಿದ್ದವು, ಹೂಳು ತೆಗೆದವರಿಗೆ ಎರಡೂ ಅಷ್ಟಾಗಿ ಸಿಗುತ್ತಿರಲಿಲ್ಲ. ಆದರೂ ಹೂಳೇ ಕೆರೆಯ ಆಯುಸ್ಸನ್ನು ನಿರ್ಧರಿಸುವುದರಿಂದ ಅದಕ್ಕೊಂದು ಕಾಯಂ ಏರ್ಪಾಡು ಬೇಕಾಗಿತ್ತು. ಕನ್ನಡನಾಡಿನ ಶಾಸನಗಳಲ್ಲಿ ಬರುವ ಬಿತ್ತುವಟ್ಟ, ಅಂದರೆ ಕೆರೆಯ ನಿರ್ವಹಣೆಗಾಗಿ ಬಿಟ್ಟ ಭೂಮಿ, ಮತ್ತು ಕೆರೆಯ ಬಂಡಿ ಈ ಏರ್ಪಾಡಿನ ಎರಡು ಅಂಗಗಳು. ಬಂಡಿಯೆಂದರೆ ಕೋಣಗಳನ್ನು ಹೂಡಿ ಹೂಳನ್ನೂ ಏರಿಗೆ ಬೇಕಾದ ಮಣ್ಣನ್ನೂ ಸಾಗಿಸುವ ಗಾಡಿ. ಅದನ್ನು ಸದಾ ನಡೆಸಬೇಕಾದರೆ ಬಂಡಿ ಹೊಡೆಯುವವನ ಸಂಬಳ, ಕೋಣಗಳ ಮೇವು, ಗಾಲಿಯ ಅಚ್ಚಿಗೆ ಹಾಕುವ ಎಣ್ಣೆ, ಮುರಿದ ಭಾಗಗಳ ದುರಸ್ತಿ ಇಷ್ಟಕ್ಕೂ ಆದಾಯ ಬೇಕು. ಬಂಡಿಯ ದತ್ತಿಗಳು ಇಂಥ ಖರ್ಚುಗಳಿಗೆಂದೇ ಇದ್ದವು. ಕೆಲಸ ನಡೆಯಿತೋ ಇಲ್ಲವೋ ಎಂಬುದಕ್ಕೆ ಬರೆದ ವರದಿ ಬೇಕಾಗಿರಲಿಲ್ಲ. ಬೇಸಿಗೆಯಲ್ಲಿ ಕೆರೆಯಂಗಳದಲ್ಲಿ ಬಂಡಿಯ ಜಾಡು ಕಾಣಬೇಕು, ಮಳೆಗಾಲದ ನಂತರ ತೂಬಿನ ನೀರು ಕೊನೆಯ ಗದ್ದೆಯನ್ನು ಮುಟ್ಟಬೇಕು, ಅಷ್ಟೆ.

1311ರಲ್ಲಿ ಮಲಿಕ್ ಕಾಫರನ ದಂಡು ದೋರಸಮುದ್ರಕ್ಕೆ ಬಂದದ್ದು, ಮುಮ್ಮಡಿ ಬಲ್ಲಾಳನ ಬಳಿಕ ಹೊಯ್ಸಳ ಆಳ್ವಿಕೆ ಕೊನೆಗೊಂಡದ್ದು ತಿಳಿದ ಸಂಗತಿ. ದತ್ತಿಯ ದೃಷ್ಟಿಯಿಂದ ಇದರ ಪರಿಣಾಮವೇನೆಂದರೆ, ಕೊಟ್ಟವನ ವಂಶವೇ ಇಲ್ಲವಾದ ಮೇಲೆ ಕೊಟ್ಟದ್ದನ್ನು ಉಳಿಸುವವರು ಯಾರೆಂಬ ಪ್ರಶ್ನೆ ಎದ್ದಿತು. ಬೇಲೂರಿನಲ್ಲಿ ವಿಜಯನಗರದ ಅಧಿಕಾರಿಗಳು ಆ ಹೊಣೆಯನ್ನು ವಹಿಸಿಕೊಂಡರು. ಎರಡನೆಯ ಹರಿಹರನ ಕಾಲದಲ್ಲಿ, 1381ರಲ್ಲಿ ದೇವಾಲಯದೊಳಗೆ ಆಧಾರಕ್ಕಾಗಿ ನಾಲ್ಕು ಕಣಶಿಲೆಯ ಕಂಬಗಳನ್ನು ನಿಲ್ಲಿಸಲಾಯಿತು; 1387ರಲ್ಲಿ ಮಲಗರಸನು ಶಿಖರಕ್ಕೆ ಹೊಸ ಚಿನ್ನದ ಕಳಶವನ್ನಿಡಿಸಿದನು; ಸುಟ್ಟುಹೋಗಿದ್ದ ಮಹಾದ್ವಾರದ ಗೋಪುರವನ್ನು 1397ರಲ್ಲಿ ದಂಡನಾಯಕ ಗುಂಡನು ಏಳು ನೆಲೆಗಳಾಗಿ ಮತ್ತೆ ಕಟ್ಟಿಸಿದನು. ಹದಿನಾರು ವರ್ಷಗಳ ಅಂತರದಲ್ಲಿ ನಡೆದ ಈ ಮೂರು ಕೆಲಸಗಳನ್ನು ಜೀರ್ಣೋದ್ಧಾರದ ಪುಣ್ಯಕಾರ್ಯಗಳೆಂದು ಓದುವುದು ವಾಡಿಕೆ. ಅವನ್ನು ಇನ್ನೊಂದು ರೀತಿಯಲ್ಲೂ ಓದಬಹುದು: ಕಂಬ ಕೊಡಬೇಕಾಯಿತೆಂದರೆ ತೊಲೆ ಬಿರುಕುಬಿಟ್ಟಿತ್ತು, ಕಳಶ ಹೊಸದಾಗಬೇಕಾಯಿತೆಂದರೆ ಹಳೆಯದು ಮುರಿದಿತ್ತು. ದುರಸ್ತಿಯ ಶಾಸನವು ದುರವಸ್ಥೆಯ ದಾಖಲೆಯೂ ಹೌದು. ಹಿಂದಿನ ಏರ್ಪಾಡು ಎಲ್ಲಿ ಸೋತಿತೆಂಬುದನ್ನು ಅದು ಹೇಳುತ್ತದೆ.

ಇದೇ ಅವಧಿಯಲ್ಲಿ, ಇದೇ ಜಿಲ್ಲೆಯ ಶ್ರವಣಬೆಳಗೊಳದಲ್ಲಿ ಕೆತ್ತಿಸಿದ ಮೊದಲನೆಯ ಬುಕ್ಕನ 1368ರ ಶಾಸನ, ಹೊಣೆಗಾರಿಕೆಯ ಚರಿತ್ರೆಯಲ್ಲಿ ಬೇಲೂರಿನ ಗೋಪುರಕ್ಕಿಂತ ಎತ್ತರವಾದದ್ದು. ಜೈನರಿಗೂ ಶ್ರೀವೈಷ್ಣವರಿಗೂ ಉಂಟಾದ ವಿವಾದದಲ್ಲಿ ಜೈನರ ದೂರನ್ನು ಕೇಳಿದ ಅರಸನು ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟು, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ವಿಧಿಸಿದನೆಂಬ ಭಾಗ ಪಠ್ಯಪುಸ್ತಕಗಳಲ್ಲಿ ಪ್ರಸಿದ್ಧವಾಗಿದೆ. ಅದರ ಹಣಕಾಸಿನ ಭಾಗ ಅಷ್ಟು ಪ್ರಸಿದ್ಧವಲ್ಲ. ರಾಜ್ಯದ ಜೈನರು ಮನೆಗೆ ವರ್ಷಕ್ಕೆ ಒಂದು ಹಣದಂತೆ ಕೊಡಬೇಕು. ಆ ಹಣದಿಂದ ಬೆಳಗೊಳದ ದೇವರ ಅಂಗರಕ್ಷೆಗೆ ಇಪ್ಪತ್ತು ಆಳುಗಳನ್ನು ನೇಮಿಸಬೇಕು. ಮಿಕ್ಕ ಹಣದಲ್ಲಿ ಜೀರ್ಣವಾದ ಜಿನಾಲಯಗಳಿಗೆ ಸುಣ್ಣ ಬಳಿಸಬೇಕು. ಇದನ್ನು ನಡೆಸುವ ಹೊಣೆಯನ್ನು, ಜೈನರ ಒಪ್ಪಿಗೆಯೊಂದಿಗೆ, ತಿರುಮಲೆಯ ತಾತಯ್ಯನಿಗೆ ಒಪ್ಪಿಸಲಾಯಿತು. ತಾತಯ್ಯ ಶ್ರೀವೈಷ್ಣವ; ಅಂದರೆ ಹಣ ಕೊಡುವವರು ಒಂದು ಪಕ್ಷದವರು, ಅದರ ವಿನಿಯೋಗಕ್ಕೆ ಹೊಣೆ ಹೊತ್ತವನು ಎದುರು ಪಕ್ಷದವನು. ತೆರಿಗೆಯ ದರ, ಸಿಬ್ಬಂದಿಯ ಸಂಖ್ಯೆ, ಉಳಿತಾಯದ ವಿನಿಯೋಗ, ಹೊಣೆಗಾರನ ಹೆಸರು ನಾಲ್ಕನ್ನೂ ಒಂದೇ ಆಜ್ಞೆಯಲ್ಲಿ ಹೇಳಿರುವುದರಿಂದ, ಕಾವಲಿನವರು ಇಪ್ಪತ್ತು ಜನ ಇದ್ದಾರೆಯೇ ಎಂದು ಯಾವ ಯಾತ್ರಿಕನೂ ಎಣಿಸಿ ನೋಡಬಹುದಾಗಿತ್ತು. ಶಾಸನದ ಪ್ರತಿಯೊಂದು ಮಾಗಡಿಯ ಬಳಿಯ ಕಲ್ಯದಲ್ಲಿಯೂ ಇದೆ. ಹಣ ಕೊಡುವವರು ಇರುವ ಕಡೆಯಲ್ಲೆಲ್ಲ ನಿಯಮ ಗೊತ್ತಿರಬೇಕೆಂಬ ಎಚ್ಚರ ಅದರ ಹಿಂದೆ ಕಾಣುತ್ತದೆ.

ಬೊಪ್ಪನ ಬಸದಿ ಐನೂರು ವರ್ಷಗಳ ಬಳಿಕ ಮತ್ತೊಮ್ಮೆ ದಾಖಲೆಗೆ ಬರುತ್ತದೆ. ಅದರ ಕಂಬಗಳ ಮೇಲೆ ಹುಚ್ಚಪ್ಪದೇವನೆಂಬವನು ಲಿಂಗಮುದ್ರೆ ಒತ್ತಿದನು, ವಿಜಯಪ್ಪನೆಂಬವನು ಅದನ್ನು ಅಳಿಸಿದನು, ವಿವಾದವೆದ್ದಿತು. ಬೇಲೂರಿನಲ್ಲಿ ವೆಂಕಟಾದ್ರಿ ನಾಯಕನು ಆಳುತ್ತಿದ್ದ 1638ರಲ್ಲಿ ಜೈನ ಪ್ರಮುಖರ ಬಿನ್ನಹವನ್ನು ಕೇಳಿದ ವೀರಶೈವ ಮಹಾಮಹತ್ತಿನವರು, ಮೊದಲು ವಿಭೂತಿ ವೀಳ್ಯವನ್ನು ಸಲ್ಲಿಸಿ ಬಳಿಕ ಹಿಂದಿನ ಮರ್ಯಾದೆಯಂತೆ ಬಸದಿಯ ಪೂಜಾದಿಗಳನ್ನು ನಡೆಸಬಹುದೆಂದು ತೀರ್ಮಾನಿಸಿ, ಅದಕ್ಕೆ ಅಡ್ಡಿ ಮಾಡುವ ತಮ್ಮವರನ್ನೇ ದ್ರೋಹಿಗಳೆಂದು ಸಾರಿ, ಕಲ್ಲಿನ ಮೇಲೆ ಬರೆಸಿದರು. ಅಂದಿನ ಬಲಾಬಲದ ಗುರುತು ಆ ವಿಭೂತಿ ವೀಳ್ಯದ ಷರತ್ತಿನಲ್ಲಿ ಇದ್ದೇ ಇದೆ. ಆದರೂ ಬಲವುಳ್ಳ ಸಮುದಾಯವೊಂದು ತನ್ನ ನಡತೆಯನ್ನು ತಾನೇ ಸಾರ್ವಜನಿಕವಾಗಿ ಕಟ್ಟುಪಾಡಿಗೆ ಒಳಪಡಿಸಿಕೊಂಡ ದಾಖಲೆಯಾಗಿ ಇದಕ್ಕೆ ಬೆಲೆಯಿದೆ.

ಇಷ್ಟರವರೆಗೆ ದಾಖಲೆ ಕಲ್ಲಿನದು. ಮೈಸೂರು ಅರಸರ ಕಾಲಕ್ಕೆ ಬಂದಾಗ ದಾಖಲೆಯ ವಸ್ತುವೂ ಅದನ್ನು ಓದುವವರೂ ಬದಲಾಗುತ್ತಾರೆ. ಶಾನುಭೋಗರ ಲೆಕ್ಕ ಕಡತದಲ್ಲಿ ನಡೆಯುತ್ತಿತ್ತು. ಹುಣಿಸೆಬೀಜದ ಅಂಟಿಗೆ ಇದ್ದಿಲಪುಡಿ ಬೆರೆಸಿ ಬಟ್ಟೆಗೆ ಬಳಿದು ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿದ ಕಪ್ಪು ಹಾಳೆಯೇ ಕಡತ. ಅದರ ಮೇಲೆ ಬಳಪದಿಂದ ಬರೆಯುತ್ತಿದ್ದರು. ಜೋಪಾನವಾಗಿಟ್ಟರೆ ಬರಹ ಬಹುಕಾಲ ಉಳಿಯುತ್ತಿತ್ತು, ಬೇಕೆಂದರೆ ಒರಸಿ ಮತ್ತೆ ಬರೆಯಲೂ ಬರುತ್ತಿತ್ತು. ಈ ಎರಡನೆಯ ಗುಣ ಲೆಕ್ಕಿಗನಿಗೆ ಎಷ್ಟು ಅನುಕೂಲವೋ ಲೆಕ್ಕ ತಪಾಸಣೆ ಮಾಡುವವನಿಗೆ ಅಷ್ಟೇ ತಲೆನೋವು. ಅದಲ್ಲದೆ ಕಡತ ಶಾನುಭೋಗನ ಮನೆಯಲ್ಲಿರುತ್ತಿತ್ತು, ಆ ಹುದ್ದೆ ವಂಶಪಾರಂಪರ್ಯದ್ದಾಗಿತ್ತು. ದೇವಾಲಯದ ಅಂಗಳದಲ್ಲಿ ಯಾರೂ ಓದಬಹುದಾಗಿದ್ದ ದಾಖಲೆ ಹೀಗೆ ಒಂದು ಮನೆತನದ ಸೊತ್ತಾಯಿತು.

ಇದಕ್ಕೆ ತಡೆಯಾಗಿ ಇದ್ದದ್ದು ಜಮಾಬಂದಿ. ವರ್ಷಕ್ಕೊಮ್ಮೆ ಮೇಲಧಿಕಾರಿಯು ತಾಲೂಕಿನಲ್ಲಿ ಬಿಡಾರ ಮಾಡಿ, ಪಟೇಲ, ಶಾನುಭೋಗ, ರೈತರ ಎದುರಿನಲ್ಲಿ ಪ್ರತಿ ಊರಿನ ಸಾಗುವಳಿ, ಬೇಡಿಕೆ, ವಸೂಲಿ, ಬಾಕಿಗಳನ್ನು ತಾಳೆ ನೋಡಿ ಕಂದಾಯವನ್ನು ಇತ್ಯರ್ಥಪಡಿಸುವ ಕ್ರಮವದು. ಅದರ ಉದ್ದೇಶ ಸರ್ಕಾರಕ್ಕೆ ಬರಬೇಕಾದದ್ದು ಬಂತೇ ಎಂದು ನೋಡುವುದು. ಕೊಟ್ಟ ರೈತನಿಗೆ ಏನು ಸಿಕ್ಕಿತೆಂದು ನೋಡುವುದಲ್ಲ. 1831ರಿಂದ 1881ರವರೆಗೆ ಬ್ರಿಟಿಷ್ ಕಮಿಷನರುಗಳ ಆಡಳಿತದಲ್ಲಿ ಈ ಕ್ರಮ ಇನ್ನಷ್ಟು ಬಿಗಿಯಾಯಿತು. 1863ರಲ್ಲಿ ಆರಂಭವಾದ ಕಂದಾಯ ಮೋಜಣಿಯೂ 1866ರ ಇನಾಂ ಕಮಿಷನ್ನೂ ಹಳೆಯ ದತ್ತಿಗಳನ್ನು ಒಂದೊಂದಾಗಿ ಪರಿಶೀಲಿಸಿದವು. ದೇವಾಲಯಗಳು ಮುಜರಾಯಿ ಆಡಳಿತದ ಕೆಳಗೆ ಬಂದವು. ಭೂಮಿಯ ಆದಾಯದ ಬದಲು ಬೊಕ್ಕಸದಿಂದ ವರ್ಷಕ್ಕಿಷ್ಟೆಂದು ನಗದಾಗಿ ಕೊಡುವ ತಸ್ತೀಕು ಬಂತು. 1927ರಲ್ಲಿ ಮೈಸೂರಿನ ಧಾರ್ಮಿಕ ಮತ್ತು ಧರ್ಮಾದಾಯ ಸಂಸ್ಥೆಗಳ ಕಾಯಿದೆಯಿಂದ ಇದಕ್ಕೆಲ್ಲ ಕಾನೂನಿನ ಚೌಕಟ್ಟು ದೊರೆಯಿತು. ದುರುಪಯೋಗ ಕಡಿಮೆಯಾಗಿರಬೇಕು. ಅದರೊಂದಿಗೆ, ಜಾವಗಲ್ಲಿನ ಫಸಲಿಗೂ ಹಳೇಬೀಡಿನ ದೀಪಕ್ಕೂ ಇದ್ದಂಥ ಕಣ್ಣಿಗೆ ಕಾಣುವ ನಂಟು ಕಡಿದು, ಎರಡೂ ಖಜಾನೆಯ ಬೇರೆ ಬೇರೆ ಲೆಕ್ಕಶೀರ್ಷಿಕೆಗಳಾದವು.

ಆಡಳಿತವು ಜನರಿಗೆ ಲೆಕ್ಕ ಒಪ್ಪಿಸಬೇಕೆಂಬ ವಿಚಾರ ರಾಜ್ಯದ ಮಟ್ಟದಲ್ಲಿ ರೂಪ ತಳೆದದ್ದು ದಿವಾನ್ ಸಿ. ರಂಗಾಚಾರ್ಲು ಅವರ ಕಾಲದಲ್ಲಿ. 1881ರ ಅಕ್ಟೋಬರ್ 7ರಂದು ಮೈಸೂರಿನಲ್ಲಿ ಸೇರಿದ ಮೊದಲ ಪ್ರಜಾಪ್ರತಿನಿಧಿ ಸಭೆಗೆ 144 ಸದಸ್ಯರು ಬಂದಿದ್ದರು. ರೈತರೂ ವರ್ತಕರೂ ಆಗಿದ್ದ ಅವರ ಮುಂದೆ ದಿವಾನರು ಆಡಳಿತದ ವರದಿಯನ್ನು ಓದಿದರು. ಸಭೆಗೆ ಹಣವನ್ನು ತಡೆಹಿಡಿಯುವ ಅಧಿಕಾರವಿರಲಿಲ್ಲ, ಪ್ರಶ್ನಿಸುವ ಅವಕಾಶವಿತ್ತು. ಕೆರೆಗಳ ವಿಷಯದಲ್ಲಿ ಮೈಸೂರು ಸರ್ಕಾರ ಹಿಡಿದ ದಾರಿ ಅಷ್ಟು ಸರಳವಾಗಿರಲಿಲ್ಲ. ಏರಿಯ ಮಣ್ಣುಕೆಲಸ ರೈತರ ಪಾಲಿಗೆ, ತೂಬು ಕೋಡಿಗಳ ಕಲ್ಲುಕೆಲಸ ಸರ್ಕಾರದ ಪಾಲಿಗೆ ಎಂಬ ಹಂಚಿಕೆಯಿತ್ತು. 1911ರಲ್ಲಿ ಕೆರೆ ಪಂಚಾಯಿತಿಗಳಿಗಾಗಿ ಕಾನೂನೇ ಬಂತು. ಆದರೆ ಹೊಯ್ಸಳ ಕಾಲದ ಬಂಡಿಗೆ ತನ್ನದೇ ಭೂಮಿಯ ಆದಾಯವಿತ್ತು, ಕೆರೆ ಪಂಚಾಯಿತಿಗೆ ಅಂಥ ಆದಾಯವಿರಲಿಲ್ಲ. ಹೊಣೆಯನ್ನು ಮಾತ್ರ ಹಂಚಿ ಹಣವನ್ನು ಹಂಚದ ಏರ್ಪಾಡುಗಳಿಗೆ ಆಗುವ ಗತಿಯೇ ಇದಕ್ಕೂ ಆಯಿತು.

ಹಣಕಾಸಿನ ಏಕೀಕರಣದಿಂದಾಗಿ 1950ರ ಏಪ್ರಿಲ್ 1ರಿಂದ ಮೈಸೂರು ರಾಜ್ಯದ ಲೆಕ್ಕಪರಿಶೋಧನೆ ಭಾರತದ ನಿಯಂತ್ರಕರು ಮತ್ತು ಮಹಾಲೆಕ್ಕಪರಿಶೋಧಕರ, ಅಂದರೆ ಸಿಎಜಿಯ, ವ್ಯಾಪ್ತಿಗೆ ಸೇರಿತು. ಸಿಎಜಿಯ ಕರ್ತವ್ಯ ಮತ್ತು ಅಧಿಕಾರಗಳನ್ನು 1971ರ ಕಾಯಿದೆ ನಿಗದಿಪಡಿಸಿತು. ಜಗತ್ತಿನ ಪರಮೋಚ್ಚ ಲೆಕ್ಕಪರಿಶೋಧನಾ ಸಂಸ್ಥೆಗಳ ಒಕ್ಕೂಟ 1977ರಲ್ಲಿ ಪೆರುವಿನ ಲಿಮಾದಲ್ಲಿ ಹೊರಡಿಸಿದ ಘೋಷಣೆ, ರಸೀದಿಗಳ ತಪಾಸಣೆಯಷ್ಟೇ ಫಲದ ತಪಾಸಣೆಯೂ ಮುಖ್ಯವೆಂದು ಸಾರಿತು. ಬೇಲೂರು, ಹಳೇಬೀಡುಗಳಿಗೆ ಈ ಪದ್ಧತಿ ನೇರವಾಗಿ ತಾಗಿದ್ದು 2013ರಲ್ಲಿ. ಇಲ್ಲಿನ ದೇವಾಲಯಗಳೂ ಅರಸೀಕೆರೆಯ ಈಶ್ವರ ದೇವಾಲಯವೂ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಯಲ್ಲಿವೆ. ಆ ಇಲಾಖೆಯ ಕಾರ್ಯಸಾಧನೆಯ ಮೇಲೆ ಸಿಎಜಿ ನೀಡಿದ 2013ರ 18ನೇ ವರದಿ, ದೇಶದಾದ್ಯಂತ ಜಂಟಿಯಾಗಿ ಪರಿಶೀಲಿಸಿದ 1,655 ಸ್ಮಾರಕಗಳಲ್ಲಿ 92 ಸ್ಮಾರಕಗಳು ಇರಬೇಕಾದ ಜಾಗದಲ್ಲಿ ಇರಲೇ ಇಲ್ಲವೆಂದು ತಿಳಿಸಿತು. ಪರಿಶೋಧಕರು ಮಾಡಿದ್ದು ಪಟ್ಟಿ ಹಿಡಿದು ಸ್ಥಳಕ್ಕೆ ಹೋದ ಕೆಲಸ. ಕಡತದಲ್ಲಿ ರಕ್ಷಿತವಾಗಿದ್ದದ್ದು ನೆಲದ ಮೇಲೆ ಇಲ್ಲವೆಂಬ ಆ ಶೋಧ ಯಾವ ಲೆಕ್ಕದ ಪುಸ್ತಕದಿಂದಲೂ ಹೊರಬರುವಂತಿರಲಿಲ್ಲ.

ಅರಸೀಕೆರೆಯ ಕಡೆಗೆ ನೀರು ತರುವ ಪ್ರಶ್ನೆಯೂ ಇಂಥದೇ ತಪಾಸಣೆಯನ್ನು ಬೇಡುತ್ತದೆ. ಸಕಲೇಶಪುರದ ಹಳ್ಳಗಳ ನೀರನ್ನು ಮೇಲೆತ್ತಿ ಬಯಲುಸೀಮೆಗೆ ಹರಿಸುವ ಎತ್ತಿನಹೊಳೆ ಯೋಜನೆಯ ಅಂದಾಜು 2012ರಲ್ಲಿ 8,323 ಕೋಟಿ ರೂಪಾಯಿ ಇದ್ದದ್ದು 2014ರಲ್ಲಿ 12,912 ಕೋಟಿಗೂ 2023ರಲ್ಲಿ 23,251 ಕೋಟಿಗೂ ಏರಿತು. ಮೊದಲ ಹಂತಕ್ಕೆ 2024ರ ಸೆಪ್ಟೆಂಬರ್ 6ರಂದು ಚಾಲನೆ ದೊರೆಯಿತು. ಇದರ ಪರೀಕ್ಷೆ ಪಂಪುಗಳ ಸಂಖ್ಯೆಯಲ್ಲಿ ಮುಗಿಯುವುದಿಲ್ಲ. ಹೇಳಿದ 24.01 ಟಿಎಂಸಿ ನೀರು ಮಳೆ ಕಡಿಮೆಯಾದ ವರ್ಷದಲ್ಲಿಯೂ ಸಿಗುತ್ತದೆಯೇ, ಕಾಲುವೆಯ ಕೊನೆಯ ಕೆರೆಯನ್ನು ಮುಟ್ಟುತ್ತದೆಯೇ, ವಿದ್ಯುತ್ತಿನ ಮತ್ತು ದುರಸ್ತಿಯ ವಾರ್ಷಿಕ ಖರ್ಚಿಗೆ ಯಾವ ಆದಾಯ ಗೊತ್ತಾಗಿದೆ ಎಂಬಲ್ಲಿ ಅದು ನಿಂತಿದೆ.

ಗ್ರಾಮದ ಮಟ್ಟದಲ್ಲಿ ಕಂದಾಯದ ಜಮಾಬಂದಿ ಮುಖ ತಿರುಗಿಸಿಕೊಂಡು ಬಂದಿದೆ. ಗ್ರಾಮ ಪಂಚಾಯಿತಿಗಳು ಪ್ರತಿ ವರ್ಷ ಆಗಸ್ಟ್ 16ರಿಂದ ಸೆಪ್ಟೆಂಬರ್ 15ರೊಳಗೆ ಹಿಂದಿನ ಸಾಲಿನ ಜಮಾಖರ್ಚು, ಕಾಮಗಾರಿಗಳ ಕಡತ, ದಾಖಲೆಪುಸ್ತಕಗಳನ್ನು ಊರವರ ಮುಂದಿಟ್ಟು, ಮೇಲಿನಿಂದ ಬಂದ ಅಧಿಕಾರಿಗಳ ತಂಡದೊಂದಿಗೆ ಜಮಾಬಂದಿ ನಡೆಸಬೇಕು. ಉದ್ಯೋಗ ಖಾತರಿ ಕಾಯಿದೆಯ 17ನೆಯ ಕಲಮು ಗ್ರಾಮಸಭೆಯಿಂದ ಸಾಮಾಜಿಕ ಲೆಕ್ಕಪರಿಶೋಧನೆಯನ್ನು ಕಡ್ಡಾಯಗೊಳಿಸಿತು. ಹೂಳು ತೆಗೆದ ಕೆರೆ, ಹಾಕಿದ ಬದು, ಕಟ್ಟಿದ ಚರಂಡಿಯ ಅಳತೆಯನ್ನು ಅಳತೆಪುಸ್ತಕಕ್ಕೆ ತಾಳೆ ನೋಡುವುದು ಅದರ ತಿರುಳು. ಹಿಂದೆ ಸರ್ಕಾರವು ರೈತನ ಲೆಕ್ಕ ಕೇಳುತ್ತಿದ್ದ ಸಭೆಯಲ್ಲಿ ಈಗ ರೈತನು ಪಂಚಾಯಿತಿಯ ಲೆಕ್ಕ ಕೇಳಬಹುದು. ಮಹಾಜನರ ಸಭೆಯಲ್ಲಿ ಸ್ಥಾನವಿಲ್ಲದಿದ್ದವರಿಗೂ ಇಲ್ಲಿ ಮಾತಿನ ಹಕ್ಕಿದೆ. ಆ ಹಕ್ಕು ಎಷ್ಟು ಬಳಕೆಯಾಗುತ್ತದೆ ಎಂಬುದು ಸಭೆಯ ಡಂಗುರ ಎಲ್ಲಿಯವರೆಗೆ ಕೇಳಿಸಿತು, ಆ ದಿನ ಕೂಲಿ ಬಿಟ್ಟು ಬರಲು ಯಾರಿಗೆ ಸಾಧ್ಯವಾಯಿತು ಎಂಬಂಥ ಸಣ್ಣ ಸಂಗತಿಗಳನ್ನೇ ಹೆಚ್ಚಾಗಿ ಅವಲಂಬಿಸಿದೆ.

ಬೇಲೂರಿನಲ್ಲಿ ಮಾತ್ರ ಹೊಣೆ ಇಂದಿಗೂ ಎರಡು ಕಡೆ ಹಂಚಿಹೋಗಿದೆ. ಕಟ್ಟಡದ ರಕ್ಷಣೆ ಕೇಂದ್ರದ ಪುರಾತತ್ವ ಇಲಾಖೆಯದು. ಪೂಜೆ, ಹುಂಡಿ, ಉತ್ಸವಗಳ ಆಡಳಿತ ರಾಜ್ಯದ ಮುಜರಾಯಿ ಇಲಾಖೆಯದು, ಅದಕ್ಕೆ ಆಧಾರ 1997ರ ಧಾರ್ಮಿಕ ದತ್ತಿ ಕಾಯಿದೆ. ಒಂದರ ಲೆಕ್ಕ ಸಿಎಜಿಯ ಕೇಂದ್ರ ವರದಿಗೆ, ಇನ್ನೊಂದರದು ರಾಜ್ಯದ ಪರಿಶೋಧಕರಿಗೆ ಹೋಗುತ್ತದೆ. ಸುತ್ತಲಿನ ರಸ್ತೆ, ಅಂಗಡಿ, ಚರಂಡಿಗಳು ಪುರಸಭೆಯ ಪಾಲು. 2023ರ ಸೆಪ್ಟೆಂಬರ್ 18ರಂದು ಬೇಲೂರು, ಹಳೇಬೀಡು, ಸೋಮನಾಥಪುರದ ದೇವಾಲಯಗಳು ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಮೇಲೆ ಇವರೆಲ್ಲರ ಮೇಲೆ ಮತ್ತೊಂದು ಬಾಧ್ಯತೆ ಬಂದಿದೆ: ಸ್ಮಾರಕಗಳ ಸ್ಥಿತಿ ಹೇಗಿದೆ, ನಿರ್ವಹಣಾ ಯೋಜನೆಯಂತೆ ಕೆಲಸ ನಡೆದಿದೆಯೇ, ಸುತ್ತಲಿನ ರಕ್ಷಣಾ ವಲಯದಲ್ಲಿ ಏನೇನು ಬದಲಾಗಿದೆ ಎಂಬುದನ್ನು ವಿಶ್ವ ಪರಂಪರೆ ಸಮಿತಿಗೆ ಆರು ವರ್ಷಗಳಿಗೊಮ್ಮೆ ವರದಿ ಮಾಡಬೇಕು.